ಮಣ್ಣು, ಉಪ್ಪು, ಕಲ್ಲು: ಮುರಿದ ಮಣಿಕಟ್ಟಿನ ಚಿಕಿತ್ಸೆಯ ಚರಿತ್ರೆಯಲ್ಲಿ ಪುಣೆ

ಮುರಿದ ಮಣಿಕಟ್ಟಿನ ಚರಿತ್ರೆ ಬರೆದವರಲ್ಲಿ ಹೆಚ್ಚಿನವರು ಮೂಳೆ ಕೂಡಿಸಿದವರ ಚರಿತ್ರೆಯನ್ನಷ್ಟೇ ಬರೆದಿದ್ದಾರೆ. ಡಬ್ಲಿನ್‌ನ ಶಸ್ತ್ರವೈದ್ಯ ಅಬ್ರಹಾಂ ಕಾಲಿಸ್ 1814ರಲ್ಲಿ ಈ ಮುರಿತವನ್ನು ವರ್ಣಿಸಿದ, ಡಚ್ ಸೇನಾವೈದ್ಯ ಆಂಟೋನಿಯಸ್ ಮಾಥೈಸನ್ 1851ರಲ್ಲಿ ಪ್ಲಾಸ್ಟರ್ ಪಟ್ಟಿ ಕಂಡುಹಿಡಿದ, 1895ರಲ್ಲಿ ರಾಂಟ್ಗನ್ ಎಕ್ಸ್‌ರೇ ಕೊಟ್ಟ, ಆಮೇಲೆ ತಂತಿ, ತಿರುಪು, ಲೋಹದ ಪಟ್ಟಿ ಬಂದವು. ಇದೆಲ್ಲ ನಿಜವೇ. ಆದರೆ ಮೂಳೆ ಕೂಡಿದ ಮೇಲೂ ಬಿಂದಿಗೆ ಎತ್ತಲಾಗದೆ, ಬೀಗದ ಕೈ ತಿರುಗಿಸಲಾಗದೆ ಉಳಿದುಬಿಡುವ ಕೈಯ ಚರಿತ್ರೆ ಇದರೊಳಗೆ ಬರುವುದಿಲ್ಲ. ಕೈಯನ್ನು ಮತ್ತೆ ಕೆಲಸಕ್ಕೆ ತರುವ ವಿದ್ಯೆ ನಮ್ಮಲ್ಲಿ ಬಹಳ ಹಿಂದೆಯೇ ಇತ್ತು, ಪ್ಲಾಸ್ಟರಿನ ಕಾಲದಲ್ಲಿ ಅದು ಹಿಂದೆ ಸರಿಯಿತು, ಮತ್ತೆ ನಿಧಾನವಾಗಿ ಮರಳಿತು ಎಂಬುದು ನನ್ನ ವಾದ. ಆ ಹಾದಿಯ ಹಲವು ಘಟ್ಟಗಳನ್ನು ಪುಣೆ ಎಂಬ ಒಂದೇ ಊರಿನಲ್ಲಿ ನೋಡಬಹುದು.

ಮೊದಲು ಸುಶ್ರುತ ಸಂಹಿತೆ. ಅದರ ಚಿಕಿತ್ಸಾಸ್ಥಾನದ ಮೂರನೆಯ ಅಧ್ಯಾಯ ಭಗ್ನಚಿಕಿತ್ಸೆಗೆ ಮೀಸಲು. ನಿದಾನಸ್ಥಾನದಲ್ಲಿ ಕೀಲು ತಪ್ಪುವುದನ್ನು 6 ಬಗೆಯಾಗಿ, ಮೂಳೆ ಮುರಿಯುವುದನ್ನು 12 ಬಗೆಯಾಗಿ ವಿಂಗಡಿಸಿದ ಗ್ರಂಥಕಾರ ಇಲ್ಲಿ ಕಟ್ಟು ಹಾಕುವ ಕ್ರಮಕ್ಕೆ ಬರುತ್ತಾನೆ. ಅತ್ತಿ, ಅರಳಿ, ಮುತ್ತುಗ, ಆಲ ಮುಂತಾದ ಮರಗಳ ತೊಗಟೆ ಅಥವಾ ಬಿದಿರಿನ ದಬ್ಬೆ ಇಟ್ಟು ಕಟ್ಟಬೇಕು. ಚಳಿಗಾಲದಲ್ಲಿ 7 ದಿನಕ್ಕೊಮ್ಮೆ, ಸಮಶೀತೋಷ್ಣ ಕಾಲದಲ್ಲಿ 5 ದಿನಕ್ಕೊಮ್ಮೆ, ಬೇಸಗೆಯಲ್ಲಿ 3 ದಿನಕ್ಕೊಮ್ಮೆ ಕಟ್ಟು ಬಿಚ್ಚಿ ಮತ್ತೆ ಕಟ್ಟಬೇಕು. ಸಡಿಲವಾದರೆ ಕೀಲು ನಿಲ್ಲದು, ಬಿಗಿಯಾದರೆ ಬಾವು, ನೋವು, ಕೀವು ಬರುತ್ತವೆ, ಆದ್ದರಿಂದ ಹದವಾಗಿರಲಿ ಎನ್ನುತ್ತಾನೆ. ಎಳೆಯ ಪ್ರಾಯದಲ್ಲಿ ಒಂದು ತಿಂಗಳಿಗೆ ಕೂಡುವ ಮೂಳೆ ನಡುವಯಸ್ಸಿನಲ್ಲಿ ಅದರ ಎರಡರಷ್ಟು, ಮುಪ್ಪಿನಲ್ಲಿ ಮೂರರಷ್ಟು ಕಾಲ ತೆಗೆದುಕೊಳ್ಳುತ್ತದೆ ಎಂಬ ಲೆಕ್ಕವೂ ಅಲ್ಲಿದೆ.

ಮಣಿಕಟ್ಟಿನ ಪ್ರಸ್ತಾಪ ಅದೇ ಅಧ್ಯಾಯದಲ್ಲಿ ನೇರವಾಗಿಯೇ ಬರುತ್ತದೆ. ಜಾರಿದ ಮೊಣಕೈ ಕೀಲನ್ನು ಹೆಬ್ಬೆರಳಿನಿಂದ ನೀವಿ, ಒತ್ತಿ ಕೂಡಿಸಿ, ಕೈಯನ್ನು ಚಾಚಿಸಿ ಮಡಚಿಸಿ, ಎಣ್ಣೆ ಸುರಿಯಬೇಕು; ಮೊಣಕಾಲು, ಹರಡು, ಮಣಿಕಟ್ಟುಗಳಿಗೂ ಇದೇ ಕ್ರಮ ಎಂದು ವಿಧಿಸಲಾಗಿದೆ. ನನ್ನ ಗಮನ ಹೆಚ್ಚು ಸೆಳೆದದ್ದು ಅದಕ್ಕೆ ಹತ್ತಿರದ ಇನ್ನೊಂದು ವಿಧಿ. ಮುರಿದ ಅಂಗೈ ಕೂಡಿದ ನಂತರ ರೋಗಿ ಮೊದಲು ಮಣ್ಣಿನ ಉಂಡೆ ಹಿಡಿಯಬೇಕು, ಆಮೇಲೆ ಉಪ್ಪಿನ ಗಟ್ಟಿ, ಕೈಗೆ ಬಲ ಬಂದ ಮೇಲೆ ಕಲ್ಲು. ಮಾತು ಅಂಗೈಯ ಕುರಿತದ್ದು, ಮಣಿಕಟ್ಟಿನದಲ್ಲ ಎಂದು ಯಾರಾದರೂ ಆಕ್ಷೇಪಿಸಬಹುದು. ಆದರೆ ಮುಷ್ಟಿ ಬಿಗಿಯುವ ಮುಖ್ಯ ಸ್ನಾಯುಗಳು ಮುಂಗೈಯಲ್ಲಿ ಹುಟ್ಟಿ ಮಣಿಕಟ್ಟನ್ನು ದಾಟಿಯೇ ಬೆರಳು ಸೇರುತ್ತವೆ. ಹಿಡಿತ ಕಲಿಸಿದರೆ ಮಣಿಕಟ್ಟಿಗೂ ಕಲಿಸಿದಂತೆ. ಇಂದು ಫಿಸಿಯೋಥೆರಪಿಯವರು ಮೆತ್ತನೆಯ ಹಿಟ್ಟಿನಂಥ ಉಂಡೆಯಿಂದ ಶುರುಮಾಡಿ ಗಟ್ಟಿ ಚೆಂಡಿಗೆ, ಅಲ್ಲಿಂದ ಸಣ್ಣ ತೂಕಗಳಿಗೆ ಹೋಗುವುದೂ ಇದೇ ಹಂತಕ್ರಮ. ನಮ್ಮ ವೈದ್ಯಶಾಸ್ತ್ರದ ಹೆಮ್ಮೆಯ ಪಟ್ಟಿಯಲ್ಲಿ ಮೂಗಿನ ಶಸ್ತ್ರಕ್ರಿಯೆ ಮೊದಲು ಬರುತ್ತದೆ. ಈ ಪುಟ್ಟ ವಿಧಿಯನ್ನು ಯಾರೂ ಎತ್ತಿ ಆಡುವುದಿಲ್ಲ. ನನ್ನ ದೃಷ್ಟಿಯಲ್ಲಿ ಇದರ ಬೆಲೆ ಅದಕ್ಕಿಂತ ಕಡಿಮೆಯದಲ್ಲ.

ಆ ಮೂಗಿನ ಶಸ್ತ್ರಕ್ರಿಯೆಯ ಒಂದು ಕಥೆ ನಮ್ಮನ್ನು ಪುಣೆಗೆ ಕರೆತರುತ್ತದೆ, ಅದರ ಒಂದು ತುದಿ ಶ್ರೀರಂಗಪಟ್ಟಣದಲ್ಲಿದೆ. ಮೂರನೆಯ ಮೈಸೂರು ಯುದ್ಧದಲ್ಲಿ ಇಂಗ್ಲಿಷ್ ಸೇನೆಯ ಎತ್ತಿನ ಬಂಡಿ ಹೊಡೆಯುತ್ತಿದ್ದ ಕಾವಸ್‌ಜಿ ಎಂಬವನನ್ನು ಟಿಪ್ಪುವಿನ ಕಡೆಯವರು ಸೆರೆಹಿಡಿದು ಮೂಗನ್ನೂ ಒಂದು ಕೈಯನ್ನೂ ಕತ್ತರಿಸಿದರು. ಸುಮಾರು ಒಂದು ವರ್ಷದ ನಂತರ ಪುಣೆಯ ಸಮೀಪ ಇಟ್ಟಿಗೆ ಮಾಡುವ ಜಾತಿಯ ಒಬ್ಬಾತ ಅವನ ಹಣೆಯ ಚರ್ಮದಿಂದ ಹೊಸ ಮೂಗು ಮಾಡಿಕೊಟ್ಟ. ಲಂಡನ್ನಿನ ಜಂಟಲ್‌ಮನ್ಸ್ ಮ್ಯಾಗಜೀನ್ 1794ರ ಅಕ್ಟೋಬರ್ ಸಂಚಿಕೆಯಲ್ಲಿ ಇದನ್ನು ಪ್ರಕಟಿಸಿತು. ಅದನ್ನು ಓದಿ ಪ್ರೇರಿತನಾದ ಜೋಸೆಫ್ ಕಾರ್ಪ್ಯೂ 1814ರಲ್ಲಿ ಲಂಡನ್ನಿನಲ್ಲಿ ಅಂಥದೇ ಶಸ್ತ್ರಕ್ರಿಯೆ ಮಾಡಿದ. ಕಾಲಿಸ್ ಮಣಿಕಟ್ಟಿನ ಮುರಿತ ವರ್ಣಿಸಿದ್ದೂ ಅದೇ ವರ್ಷ. ನಮಗೆ ಇಲ್ಲಿ ಬೇಕಾದದ್ದು ಒಂದು ಅಂಶ: ದೇಹ ದುರಸ್ತಿಯ ವಿದ್ಯೆ ಆ ಹೊತ್ತಿಗೆ ಪುಣೆಯಲ್ಲಿ ಕೈಕಸುಬಿನ ಮನೆಗಳಲ್ಲಿ ಜೀವಂತವಾಗಿತ್ತು.

ಮೂಳೆಯ ವಿಷಯದಲ್ಲಿ ಆ ಪರಂಪರೆಯ ವಾರಸುದಾರರು ಮರಾಠಿಯಲ್ಲಿ ಹಾಡವೈದ್ಯರು ಎನ್ನುವ ಮೂಳೆ ಕೂಡಿಸುವ ನಾಟಿ ವೈದ್ಯರು ಮತ್ತು ತಾಲೀಮು ಎಂಬ ಕುಸ್ತಿಮನೆಗಳ ವಸ್ತಾದರು. ಉತ್ತರ ಕರ್ನಾಟಕದ ಗರಡಿಮನೆಯ ಉಸ್ತಾದರಂತೆಯೇ ಪುಣೆಯ ಪೇಠೆಗಳ ಪೈಲ್ವಾನರೂ ಉಳುಕಿದ, ಜಾರಿದ ಕೀಲು ಕೂಡಿಸುತ್ತ ಬಂದವರು. ಅವರ ಬೆರಳಿನ ಅರಿವನ್ನು ನಾನು ಗೌರವಿಸುತ್ತೇನೆ. ಅವರು ಕಟ್ಟನ್ನು ಆಗಾಗ ಬಿಚ್ಚಿ, ಎಣ್ಣೆ ಹಚ್ಚಿ, ಕೈ ಆಡಿಸಿ ಮತ್ತೆ ಕಟ್ಟುವ ರೂಢಿ ಸುಶ್ರುತನ ಕ್ರಮಕ್ಕೆ ಹತ್ತಿರವಾದದ್ದು. ಆದರೆ ಅಪಾಯವನ್ನೂ ಹೇಳಲೇಬೇಕು. ಬಾವು ಏರುವ ಮೊದಲ ಎರಡು ಮೂರು ದಿನಗಳಲ್ಲಿ ದಬ್ಬೆ ಬಿಗಿದು ಕಟ್ಟಿದರೆ ರಕ್ತ ಹರಿಯದೆ ಮುಂಗೈ ಸ್ನಾಯುಗಳು ಸತ್ತು ಬೆರಳುಗಳು ಶಾಶ್ವತವಾಗಿ ಮಡಚಿಕೊಳ್ಳುತ್ತವೆ. 1881ರಲ್ಲಿ ಜರ್ಮನಿಯ ರಿಚರ್ಡ್ ಫಾನ್ ಫೋಕ್‌ಮನ್ ಇದನ್ನು ವಿವರಿಸಿದ. ಬಿಗಿದ ಪ್ಲಾಸ್ಟರಿನಿಂದಲೂ ಇದೇ ಆಗುತ್ತದೆ.

ಡೇವಿಡ್ ಸಸೂನ್ ಅವರ ದಾನದಿಂದ ಎದ್ದ ಸಸೂನ್ ಆಸ್ಪತ್ರೆ 1867ರಲ್ಲಿ ಪುಣೆಯಲ್ಲಿ ತೆರೆಯಿತು. ಧಾರವಾಡ, ಬೆಳಗಾವಿ, ವಿಜಾಪುರ, ಉತ್ತರ ಕನ್ನಡಗಳೂ ಆಗ ಪುಣೆಯಂತೆ ಮುಂಬೈ ಪ್ರಾಂತ್ಯದಲ್ಲೇ ಇದ್ದವು, ಆದ್ದರಿಂದ ಇದು ಕನ್ನಡ ನಾಡಿನ ಕಥೆಯೂ ಹೌದು. ಆಸ್ಪತ್ರೆಯ ಜೊತೆ ಬೆಳೆದ ವೈದ್ಯಶಾಲೆ 1946ರಲ್ಲಿ ಬಿ. ಜೆ. ಮೆಡಿಕಲ್ ಕಾಲೇಜಾಯಿತು. ಇಂಥ ಆಸ್ಪತ್ರೆಗಳ ಕಾಲದೊಡನೆ ಪ್ಲಾಸ್ಟರೂ ಬಂತು. ಅದು ಮೂಳೆಯನ್ನು ಹಿಂದೆಂದೂ ಇಲ್ಲದಷ್ಟು ನಿಶ್ಚಲವಾಗಿ ಹಿಡಿದಿಟ್ಟಿತು, ನಿಶ್ಚಲತೆಯೇ ಚಿಕಿತ್ಸೆ ಎಂಬ ನಂಬಿಕೆಯನ್ನೂ ಬೆಳೆಸಿತು. ವಾರಗಟ್ಟಲೆ ಕೊರಳಿಗೆ ತೂಗುಹಾಕಿದ ಕೈಯ ಬೆರಳುಗಳು ಸೆಟೆದವು, ಭುಜ ಬಿಗಿಯಿತು. ಇದರ ವಿರುದ್ಧ 19ನೇ ಶತಮಾನದ ಕೊನೆಯಲ್ಲಿ ಫ್ರಾನ್ಸಿನ ಲುಕಾ ಶಾಂಪಿಯೊನಿಯೇರ್ ನೀವುವಿಕೆ ಮತ್ತು ಬೇಗನೆ ಆರಂಭಿಸುವ ಚಲನೆಯ ಪರವಾಗಿ ಗಟ್ಟಿಯಾಗಿ ವಾದಿಸಿದ. ಅವನು ಹೇಳಿದ್ದರಲ್ಲಿ ಅತಿಯಿತ್ತು, ಆದರೆ ದಿಕ್ಕು ಸರಿಯಾಗಿತ್ತು.

ನಡುವೆ ಒಬ್ಬ ಕನ್ನಡಿಗರ ಹೆಸರು ಹೇಳದೆ ಮುಂದೆ ಹೋಗಲಾರೆ. ಬನಾರಸ್ ಹಿಂದೂ ವಿಶ್ವವಿದ್ಯಾಲಯದ ಡಾ. ಕೆ. ಎನ್. ಉಡುಪರು 1960ರ ದಶಕದಲ್ಲಿ ಮಂಗರವಳ್ಳಿಯನ್ನು, ಮರಾಠಿಗರು ಹಾಡಜೋಡಿ ಎನ್ನುವ ಬಳ್ಳಿಯನ್ನು, ಪ್ರಯೋಗಶಾಲೆಯ ಪ್ರಾಣಿಗಳ ಮುರಿದ ಮೂಳೆಗಳ ಮೇಲೆ ಪರೀಕ್ಷಿಸಿದರು. ಮೂಳೆ ಬೇಗ ಕೂಡುವ ಸೂಚನೆಗಳು ಅವರಿಗೆ ದೊರೆತವು. ನಾಟಿ ನಂಬಿಕೆಯನ್ನು ಹೊಗಳದೆ, ತಳ್ಳಿಹಾಕದೆ, ಅಳೆದು ನೋಡಿದ ಆ ನಡೆಯೇ ನಮಗೆ ಮಾದರಿ.

ಪುಣೆಯಲ್ಲಿ ಡಾ. ಕೆ. ಎಚ್. ಸಂಚೇತಿ 1965ರಲ್ಲಿ ಕಟ್ಟಲಾರಂಭಿಸಿದ ಸಂಸ್ಥೆ ಮೂಳೆ ಚಿಕಿತ್ಸೆಯ ಜೊತೆಗೇ ಪುನಶ್ಚೇತನವನ್ನೂ ತನ್ನ ಹೆಸರಿನಲ್ಲಿ ಸೇರಿಸಿಕೊಂಡಿತು. ಅದರ ಆಶ್ರಯದಲ್ಲಿ ಫಿಸಿಯೋಥೆರಪಿ ಕಾಲೇಜೂ ಇದೆ. ಅದಕ್ಕೂ ಮೊದಲು, 1944ರಲ್ಲಿ, ಯುದ್ಧದಲ್ಲಿ ಅಂಗ ಕಳೆದುಕೊಂಡ ಯೋಧರಿಗಾಗಿ ಸೇನೆಯ ಕೃತಕ ಅಂಗ ಕೇಂದ್ರ ಇದೇ ಊರಿನಲ್ಲಿ ಆರಂಭವಾಗಿತ್ತು. ಗಾಯ ಮಾಯುವುದರ ಆಚೆಗೂ ಚಿಕಿತ್ಸೆಯಿದೆ ಎಂಬ ಅರಿವು ಹೀಗೆ ಸಂಸ್ಥೆಗಳ ರೂಪ ಪಡೆಯಿತು. 2000ದ ಆಸುಪಾಸಿನಲ್ಲಿ ಅಂಗೈ ಕಡೆಯಿಂದ ಕೂರಿಸುವ, ತಿರುಪು ತನ್ನಲ್ಲೇ ಭದ್ರವಾಗುವ ಲೋಹದ ಪಟ್ಟಿ ಬಂದ ಮೇಲೆ ಜಾರಿದ ಮುರಿತಗಳಲ್ಲಿಯೂ ಮಣಿಕಟ್ಟನ್ನು ಬೇಗ ಆಡಿಸಲು ಸಾಧ್ಯವಾಯಿತು.

ಆಸ್ಪತ್ರೆಯ ಹೊರಗೆ ಅದೇ ಪಾಠ ಕಲಿಸಿದವರು ಬಿ. ಕೆ. ಎಸ್. ಅಯ್ಯಂಗಾರ್. ಕೋಲಾರ ಜಿಲ್ಲೆಯ ಬೆಳ್ಳೂರಿನಲ್ಲಿ 1918ರಲ್ಲಿ ಹುಟ್ಟಿ, ಮೈಸೂರಿನಲ್ಲಿ ಯೋಗ ಕಲಿತು, 1937ರಲ್ಲಿ ಪುಣೆಗೆ ಬಂದು ಅಲ್ಲಿಯೇ 2014ರಲ್ಲಿ ತೀರಿಕೊಂಡವರು. 1975ರಲ್ಲಿ ಅವರ ರಮಾಮಣಿ ಅಯ್ಯಂಗಾರ್ ಸ್ಮಾರಕ ಯೋಗ ಸಂಸ್ಥೆ ತೆರೆಯಿತು. 1979ರಲ್ಲಿ ಸ್ಕೂಟರ್ ಅಪಘಾತಕ್ಕೆ ಸಿಕ್ಕಿ ಪೆಟ್ಟಾದ ದೇಹವನ್ನು ಅವರು ಆಸನಗಳಿಂದಲೇ ಮೆಲ್ಲಮೆಲ್ಲನೆ ಹಳಿಗೆ ತಂದುಕೊಂಡರು. ಮರದ ತುಂಡು, ಪಟ್ಟಿ, ಹಗ್ಗ, ಕುರ್ಚಿ, ಗೋಡೆ ಅವರ ಪದ್ಧತಿಯ ಸಲಕರಣೆಗಳು. ಅಂಗೈಯನ್ನು ಮೊದಲು ಗೋಡೆಗೆ, ನಂತರ ಕುರ್ಚಿಗೆ, ಕೊನೆಗೆ ನೆಲಕ್ಕೆ ಊರಿಸುವ ಅವರ ಕ್ರಮದಲ್ಲಿ ಮಣ್ಣು, ಉಪ್ಪು, ಕಲ್ಲಿನ ತರ್ಕವೇ ಇದೆ. 1998ರಲ್ಲಿ ಅಮೆರಿಕದ ವೈದ್ಯ ಸಂಘದ ಪತ್ರಿಕೆಯಲ್ಲಿ ಅವರ ಶಿಷ್ಯೆ ಮರಿಯನ್ ಗಾರ್ಫಿಂಕಲ್ ಮತ್ತು ಸಂಗಡಿಗರು, ಮಣಿಕಟ್ಟಿನಲ್ಲಿ ನರ ಒತ್ತಿಕೊಂಡ 42 ಜನರ ಅಧ್ಯಯನ ಪ್ರಕಟಿಸಿದರು. ಯೋಗ ಮಾಡಿದವರಲ್ಲಿ ನೋವು ಇಳಿದು ಹಿಡಿತ ಹೆಚ್ಚಿತ್ತು. ಅದು ಮುರಿತದ ಅಧ್ಯಯನವಲ್ಲ. ಮುರಿದ ಮಣಿಕಟ್ಟಿನಲ್ಲಿಯೂ ಅದೇ ನರ ಒತ್ತಿಕೊಳ್ಳುವುದುಂಟು, ಆದರೆ ಅದರ ಫಲಿತಾಂಶವನ್ನು ನೇರವಾಗಿ ಇಲ್ಲಿಗೆ ಅನ್ವಯಿಸಲಾಗದು.

ಇಷ್ಟನ್ನು ಓದಿದವರಲ್ಲಿ ನನ್ನ ವಿನಂತಿ: ಕೈಯೂರಿ ಬಿದ್ದು ಮಣಿಕಟ್ಟು ಊದಿಕೊಂಡರೆ ಎಕ್ಸ್‌ರೇ ತೆಗೆಸದೆ ಯಾರ ಕೈಯಿಂದಲೂ ಕಟ್ಟು ಹಾಕಿಸಬೇಡಿ. ಕಟ್ಟು ಯಾವುದೇ ಇರಲಿ, ಬೆರಳು ನೀಲಿಯಾದರೆ, ಜೋಮು ಹಿಡಿದರೆ, ನೋವು ತಡೆಯಲಾಗದಷ್ಟಾದರೆ ಬೆಳಗಾಗುವವರೆಗೆ ಕಾಯಬೇಡಿ. ವೈದ್ಯರು ಬೇಡವೆನ್ನದಿದ್ದರೆ ಬೆರಳು, ಮೊಣಕೈ, ಭುಜಗಳನ್ನು ಮೊದಲ ದಿನದಿಂದಲೇ ಆಡಿಸಿ. ಐವತ್ತು ದಾಟಿದ ಹೆಂಗಸರಿಗೆ ಸಣ್ಣ ಬೀಳುವಿಕೆಯಲ್ಲೇ ಮಣಿಕಟ್ಟು ಮುರಿದಿದ್ದರೆ ಮೂಳೆಯ ಸಾಂದ್ರತೆಯ ಪರೀಕ್ಷೆಯನ್ನೂ ಮಾಡಿಸಿ. ಮುಂದೆ ಸೊಂಟದ ಮೂಳೆ ಮುರಿಯುವುದನ್ನು ತಪ್ಪಿಸಲು ಸಿಗುವ ಮೊದಲ ಅವಕಾಶ ಅದು.