ಹಿಮಗಾವಲಿನವರ ಪಂದ್ಯ

ಸ್ಕೀ ಕಟ್ಟಿಕೊಂಡು ಹಿಮದ ಮೇಲೆ ಓಡುವುದು, ನಡುನಡುವೆ ನಿಂತು ರೈಫಲ್‌ನಿಂದ ಗುರಿ ಹೊಡೆಯುವುದು: ಬಯಾಥ್ಲಾನ್ ಎಂಬ ಈ ಆಟದ ಮೂಲ ಸೈನ್ಯದಲ್ಲಿದೆ. 1767ರಲ್ಲಿ ನಾರ್ವೆ–ಸ್ವೀಡನ್ ಗಡಿ ಕಾಯುತ್ತಿದ್ದ ಸ್ಕೀ ತುಕಡಿಗಳ ನಡುವೆ ನಡೆದ ಸ್ಪರ್ಧೆಯನ್ನು ಇದರ ಮೊದಲ ದಾಖಲೆಯೆಂದು ಎಣಿಸುತ್ತಾರೆ. 1861ರಲ್ಲಿ ನಾರ್ವೆಯ ಟ್ರೈಸಿಲ್‌ನಲ್ಲಿ ಸ್ಕೀ ಮತ್ತು ಬಂದೂಕಿನ ಸಂಘವೊಂದು ಹುಟ್ಟಿತು.

1924ರ ಶಾಮೊನಿ ಚಳಿಗಾಲದ ಒಲಿಂಪಿಕ್ಸ್‌ನಲ್ಲಿ ನಾಲ್ವರು ಸೈನಿಕರ ತಂಡಗಳು ‘ಮಿಲಿಟರಿ ಪ್ಯಾಟ್ರೋಲ್’ ಎಂಬ ಹೆಸರಿನಲ್ಲಿ ಓಡಿದವು, ಗೆದ್ದದ್ದು ಸ್ವಿಟ್ಜರ್ಲೆಂಡ್. 1928, 1936 ಮತ್ತು 1948ರಲ್ಲಿ ಪ್ರದರ್ಶನ ಪಂದ್ಯವಾಗಿ ನಡೆದು ಅದು ಕೊನೆಗೊಂಡಿತು. ತಂಡದ ಬದಲು ಒಬ್ಬೊಬ್ಬರೇ ಓಡುವ ಬಯಾಥ್ಲಾನ್‌ಗೆ 1958ರಲ್ಲಿ ಆಸ್ಟ್ರಿಯಾದ ಸಾಲ್‌ಫೆಲ್ಡನ್‌ನಲ್ಲಿ ಮೊದಲ ವಿಶ್ವ ಚಾಂಪಿಯನ್‌ಷಿಪ್ ನಡೆಯಿತು. 1960ರಲ್ಲಿ ಅಮೆರಿಕದ ಸ್ಕ್ವಾ ವ್ಯಾಲಿಯಲ್ಲಿ ಅದು ಒಲಿಂಪಿಕ್ಸ್ ಸೇರಿತು.

ಈ ಆಟದ ಸ್ವಭಾವ ತಿಳಿಯಲು ಸ್ಕ್ವಾ ವ್ಯಾಲಿಯ ಆ ಒಂದು ಓಟ ಸಾಕು. ದೂರ 20 ಕಿ.ಮೀ., ಹೊಡೆಯಬೇಕಾದ ಗುಂಡು 20, ತಪ್ಪಿದ ಪ್ರತಿ ಗುಂಡಿಗೆ ಎರಡು ನಿಮಿಷದ ದಂಡ. ಫ್ರಾನ್ಸಿನ ವಿಕ್ಟರ್ ಅರ್ಬೆಜ್‌ನಷ್ಟು ವೇಗವಾಗಿ ಅಂದು ಯಾರೂ ಓಡಲಿಲ್ಲ. ಆದರೆ ಅವನ 18 ಗುಂಡುಗಳು ಗುರಿ ತಪ್ಪಿದವು, 36 ನಿಮಿಷ ಲೆಕ್ಕಕ್ಕೆ ಸೇರಿತು. ಅವನಿಗಿಂತ ಏಳು ನಿಮಿಷದಷ್ಟು ನಿಧಾನವಾಗಿ ಓಡಿದ ಸ್ವೀಡನ್ನಿನ ಕ್ಲಾಸ್ ಲೆಸ್ಟಾಂಡರ್ ಇಪ್ಪತ್ತಕ್ಕೆ ಇಪ್ಪತ್ತೂ ಹೊಡೆದು ಚಿನ್ನ ಪಡೆದ. ಏದುಸಿರು ಬಿಡುತ್ತಾ ಬಂದವನು ಎದೆಬಡಿತ ಕೈಗೆ ಇಳಿಯದಂತೆ ನೋಡಿಕೊಳ್ಳಬೇಕು. ಬಯಾಥ್ಲಾನ್ ಪಟುವಿನ ವರ್ಷಗಟ್ಟಲೆ ತರಬೇತಿಯ ದೊಡ್ಡ ಪಾಲು ಇದಕ್ಕೇ ಹೋಗುತ್ತದೆ. ಇಂದು ವೈಯಕ್ತಿಕ ಸ್ಪರ್ಧೆಯಲ್ಲಿ ದಂಡ ಸಾಮಾನ್ಯವಾಗಿ ಒಂದು ನಿಮಿಷ. ಸ್ಪ್ರಿಂಟ್‌ನಂಥ ಪಂದ್ಯಗಳಲ್ಲಿ ಗುಂಡು ತಪ್ಪಿದವರು 150 ಮೀಟರಿನ ಹೆಚ್ಚುವರಿ ಸುತ್ತು ಓಡುತ್ತಾರೆ.

ಆಟ ಸೈನ್ಯದ ಆವರಣದಿಂದ ನಿಜಕ್ಕೂ ಹೊರಬಂದದ್ದು 1978ರಲ್ಲಿ ಎನ್ನಬೇಕು. ಸೇನೆಯ ಭಾರಿ ರೈಫಲ್ ಹೋಗಿ .22 ಕ್ಯಾಲಿಬರಿನ ಹಗುರ ರೈಫಲ್ ಬಂತು. ಗುರಿಯ ದೂರ 50 ಮೀಟರಿಗೆ ಇಳಿಯಿತು. ಮಲಗಿ ಹೊಡೆಯುವಾಗ ಗುರಿಯ ವ್ಯಾಸ 45 ಮಿ.ಮೀ., ನಿಂತಾಗ 115 ಮಿ.ಮೀ. ಮಹಿಳೆಯರ ವಿಶ್ವ ಚಾಂಪಿಯನ್‌ಷಿಪ್ 1984ರಲ್ಲಿ ಶುರುವಾಯಿತು. ಒಲಿಂಪಿಕ್ಸ್ ಮಾತ್ರ 1992ರವರೆಗೆ ಅವರನ್ನು ಹೊರಗೇ ನಿಲ್ಲಿಸಿತ್ತು.

ಸ್ಪರ್ಧೆಗಳು ಹೆಚ್ಚಿದಂತೆ ಪಟುವಿನ ವೃತ್ತಿಜೀವನವೂ ಹಿಗ್ಗಿತು. ಸೋವಿಯತ್ ಒಕ್ಕೂಟದ ಅಲೆಕ್ಸಾಂಡರ್ ತಿಖೊನೊವ್ 1968ರಿಂದ 1980ರವರೆಗೆ ಸತತ ನಾಲ್ಕು ಒಲಿಂಪಿಕ್ಸ್‌ಗಳಲ್ಲಿ ರಿಲೇ ಚಿನ್ನ ಗೆದ್ದ. ನಾರ್ವೆಯ ಊಲೆ ಐನಾರ್ ಬ್ಯೋರ್ನ್‌ಡಾಲೆನ್‌ನದು ಇನ್ನೂ ದೀರ್ಘ ಕಥೆ. 1998ರ ನಾಗಾನೊದಲ್ಲಿ ದಟ್ಟ ಹಿಮದಿಂದ ನಿಂತು ಮರುದಿನ ಮತ್ತೆ ನಡೆದ ಸ್ಪ್ರಿಂಟ್ ಅವನಿಗೆ ಮೊದಲ ಒಲಿಂಪಿಕ್ಸ್ ಚಿನ್ನ ತಂದಿತು. 2002ರ ಸಾಲ್ಟ್ ಲೇಕ್ ಸಿಟಿಯಲ್ಲಿ ಪುರುಷರಿಗಿದ್ದ ನಾಲ್ಕೂ ಚಿನ್ನ ಅವನಿಗೇ ಸಂದವು. ನಾಲ್ಕು ವರ್ಷಗಳ ನಂತರ ಟ್ಯೂರಿನ್‌ನಲ್ಲಿ ಒಂದೂ ಚಿನ್ನವಿಲ್ಲ. ಇನ್ನು ಮುಗಿಯಿತು ಎನ್ನಬಹುದಾದ ನಲವತ್ತರ ವಯಸ್ಸಿನಲ್ಲಿ, 2014ರ ಸೋಚಿಯಲ್ಲಿ, ಮತ್ತೆರಡು ಚಿನ್ನ ಗೆದ್ದು ಒಟ್ಟು 13 ಪದಕಗಳಿಗೆ ಒಡೆಯನಾದ. ಅದರಲ್ಲಿ ಎಂಟು ಚಿನ್ನ. 2018ರ ಒಲಿಂಪಿಕ್ಸ್ ತಂಡದಲ್ಲಿ ಸ್ಥಾನ ಸಿಗದೆ, ಅದೇ ವರ್ಷ ನಿವೃತ್ತನಾದ.

ಇಷ್ಟಾದರೂ ಸಮವಸ್ತ್ರದ ನಂಟು ಕಳಚಿಲ್ಲ, ಅದೂ ಸಂಬಳದ ಕಾರಣಕ್ಕೆ. ಜರ್ಮನಿ, ಇಟಲಿ, ಫ್ರಾನ್ಸ್‌ಗಳಲ್ಲಿ ಅನೇಕ ಪಟುಗಳು ಸೇನೆ, ಪೊಲೀಸ್ ಅಥವಾ ಸುಂಕ ಇಲಾಖೆಯ ನೌಕರರು. 2018ರಲ್ಲಿ ಎರಡು ಚಿನ್ನ ಗೆದ್ದ ಜರ್ಮನಿಯ ಲಾರಾ ಡಾಲ್‌ಮಯರ್ ಸುಂಕ ಇಲಾಖೆಯ ಸ್ಕೀ ತಂಡದವಳಾಗಿದ್ದಳು. ಆದರೆ ಆ ಭದ್ರತೆಗೆ ಅಂಟಿಕೊಳ್ಳದೆ, 2019ರಲ್ಲಿ, ಇಪ್ಪತ್ತೈದನೇ ವಯಸ್ಸಿಗೇ ಅವಳು ಸ್ಪರ್ಧೆ ಬಿಟ್ಟು ಪರ್ವತಾರೋಹಣದ ಕಡೆ ಹೊರಳಿದಳು.