ನೆರಳಿನ ಬಹುವಾರ್ಷಿಕ ಗಿಡಗಳ ಕೃಷಿ: ಚನ್ನಗಿರಿ, ಹೊನ್ನಾಳಿ, ನ್ಯಾಮತಿ, ಜಗಳೂರು

ಮರಗಳ ನೆರಳಲ್ಲಿ ಬೆಳೆದು, ಬೇರು, ಗಡ್ಡೆ ಅಥವಾ ಬಳ್ಳಿಯಾಗಿ ಹಲವು ವರ್ಷ ಉಳಿಯುವ ಗಿಡಗಳನ್ನು ಹಿತ್ತಲಲ್ಲೂ ತೋಟದಲ್ಲೂ ಬೆಳೆಸುವ ಪದ್ಧತಿ. ದಾವಣಗೆರೆ ಜಿಲ್ಲೆಯ ಈ ನಾಲ್ಕು ತಾಲ್ಲೂಕುಗಳಲ್ಲಿ ವೀಳ್ಯದೆಲೆ, ಕಾಳುಮೆಣಸು, ಕೆಸು, ಸುವರ್ಣಗಡ್ಡೆ, ಅರಿಶಿನ, ಸುಗಂಧಿ, ನೆಲಸಂಪಿಗೆ, ಒಂದೆಲಗ ಈ ಗುಂಪಿಗೆ ಸೇರುತ್ತವೆ. ಮಲೆನಾಡಿನಲ್ಲಿ ಇಂಥ ಗಿಡಗಳಿಗೆ ಕಾಡಿನ ನೆರಳೇ ಸಿಗುತ್ತದೆ. ಇಲ್ಲಿ ಚನ್ನಗಿರಿಯ ಉಬ್ರಾಣಿ ಕಡೆಯ ಅಡವಿ, ನ್ಯಾಮತಿ ತಾಲ್ಲೂಕಿನ ತೀರ್ಥರಾಮೇಶ್ವರದ ಸುತ್ತಲ ಗುಡ್ಡಗಳಂಥ ಕೆಲವೆಡೆ ಬಿಟ್ಟರೆ ಮೊದಲು ನೀರು ತರಬೇಕು, ಆಮೇಲೆ ಮರ ಬೆಳೆಸಬೇಕು, ನೆರಳು ಬರುವುದು ಕೊನೆಗೆ. ಹಾಗಾಗಿ ಈ ಗಿಡಗಳ ಚರಿತ್ರೆ ಕೆರೆ, ನಾಲೆ, ಕೊಳವೆಬಾವಿಗಳ ಹಿಂದೆಯೇ ನಡೆದಿದೆ.

ದಾಖಲೆಗಳ ತೊಡಕು. ಚನ್ನಗಿರಿ, ಹೊನ್ನಾಳಿಗಳು 1997ರವರೆಗೆ ಶಿವಮೊಗ್ಗ ಜಿಲ್ಲೆಯಲ್ಲಿದ್ದವು, ಜಗಳೂರು ಚಿತ್ರದುರ್ಗದಲ್ಲಿತ್ತು. ನ್ಯಾಮತಿ 2017ರ ಆಯವ್ಯಯದಲ್ಲಿ ಘೋಷಿತವಾದ ಹೊಸ ತಾಲ್ಲೂಕು. ಅದಕ್ಕೆ ಮೊದಲಿನ ಅದರ ಅಂಕಿಸಂಖ್ಯೆಗಳೆಲ್ಲ ಹೊನ್ನಾಳಿಯ ಹೆಸರಿನಲ್ಲಿವೆ. ಶಾಸನಗಳದ್ದೂ ಇದೇ ಕಥೆ: ಎಪಿಗ್ರಾಫಿಯ ಕರ್ನಾಟಿಕದಲ್ಲಿ ಹೊನ್ನಾಳಿ, ಚನ್ನಗಿರಿಯ ಶಾಸನಗಳು 7ನೆಯ ಸಂಪುಟದಲ್ಲೂ ಜಗಳೂರಿನವು 11ನೆಯ ಸಂಪುಟದಲ್ಲೂ ಇವೆ. ಶಿವಮೊಗ್ಗ ಜಿಲ್ಲೆಯ ಹಳೆಯ ವಿವರಣೆಗಳು ಸಾಗರ, ತೀರ್ಥಹಳ್ಳಿಗಳ ತೋಟವನ್ನೇ ಮಾದರಿಯಾಗಿ ಹಿಡಿದವು. ಅವುಗಳನ್ನು ಓದಿ ಚನ್ನಗಿರಿಯ ತೋಟವೂ ಹಾಗೆಯೇ ಇತ್ತೆಂದು ಬರೆದವರುಂಟು. ಎರಡಕ್ಕೂ ಅಡಿಕೆ ಮರವೊಂದು ಸಮಾನ. ಮಳೆ, ಮಣ್ಣು ಎರಡೂ ಬೇರೆ.

ಇನ್ನೊಂದು ತೊಡಕು ಕಂದಾಯದ್ದು. ಕೆಳದಿಯ ಶಿವಪ್ಪನಾಯಕನ ‘ಶಿಸ್ತು’ ಎಂಬ ಕಂದಾಯ ವ್ಯವಸ್ಥೆಯಲ್ಲಿ ಅಡಿಕೆ ತೋಟದ ತೆರಿಗೆ ಸಾವಿರ ಮರಗಳ ಲೆಕ್ಕದಲ್ಲಿತ್ತು. 1863ರಲ್ಲಿ ಆರಂಭವಾದ ಮೈಸೂರು ಕಂದಾಯ ಮೋಜಣಿಯಲ್ಲಿ ಭೂಮಿಯನ್ನು ಖುಷ್ಕಿ, ತರಿ, ಬಾಗಾಯ್ತು ಎಂದು ವಿಂಗಡಿಸಿದರು. ಎರಡರಲ್ಲೂ ಮರದ ಬುಡದ ಕೆಸು, ಅರಿಶಿನಗಳು ಲೆಕ್ಕಕ್ಕೆ ಬರಲಿಲ್ಲ. ತೆರಿಗೆ ಇಲ್ಲದ ಗಿಡಕ್ಕೆ ಕಡತವೂ ಇಲ್ಲ. ಮನೆಯ ಹೆಂಗಸರ ಕೈಯಲ್ಲಿದ್ದ ಹಿತ್ತಲಿನ ಕೃಷಿ ಹೀಗೆ ಬರಹದಿಂದ ಹೊರಗೇ ಉಳಿಯಿತು.

ಕೆರೆಯ ಕಾಲ. ಚಾಲುಕ್ಯ ಜಯಸಿಂಹನ ಆಸ್ಥಾನದ ಚಾವುಂಡರಾಯ ಸುಮಾರು 1025ರಲ್ಲಿ ರಚಿಸಿದ ‘ಲೋಕೋಪಕಾರ’ದಲ್ಲಿ ವೃಕ್ಷಾಯುರ್ವೇದದ ಭಾಗವಿದೆ. ಕೆಳದಿಯ ಬಸವಪ್ಪನಾಯಕನ ಸಂಸ್ಕೃತ ವಿಶ್ವಕೋಶ ‘ಶಿವತತ್ತ್ವರತ್ನಾಕರ’ದಲ್ಲೂ (1709) ಗಿಡಮರಗಳ ಆರೈಕೆಗೆ ಜಾಗ ಸಿಕ್ಕಿದೆ. ಇವು ಶಾಸ್ತ್ರಗ್ರಂಥಗಳು, ಇಂಥ ಊರಿನಲ್ಲಿ ಇಂಥ ಗಿಡವಿತ್ತು ಎನ್ನುವುದಕ್ಕೆ ಆಧಾರವಾಗಲಾರವು. ಕನ್ನಡ ಶಾಸನಗಳ ತೋಂಟದ ದತ್ತಿಗಳು, ಎಲೆ ಮತ್ತು ಅಡಕೆಯ ಹೇರುಗಳ ಮೇಲಿನ ಸುಂಕದ ಉಲ್ಲೇಖಗಳು ಹೆಚ್ಚು ನಂಬಬಹುದಾದ ಸಾಕ್ಷ್ಯ. ಚನ್ನಗಿರಿ ತಾಲ್ಲೂಕಿನ ಸೂಳೆಕೆರೆ, ಅಂದರೆ ಇಂದಿನ ಶಾಂತಿಸಾಗರ, ಹರಿದ್ರಾ ಹಳ್ಳಕ್ಕೆ ಅಡ್ಡಲಾಗಿ ಕಟ್ಟಿದ್ದು. ಅದನ್ನು ಶಾಂತವ್ವೆ ಕಟ್ಟಿಸಿದಳೆಂಬ ಕಥೆ ಜನಪದರದು. ಕೆರೆಯ ಕೆಳಗಿನ ತಂಪು ನೆಲದಲ್ಲಿ ಎಲೆಬಳ್ಳಿ, ಬಾಳೆ, ಕೆಸು ಒಟ್ಟಿಗೆ ಬೆಳೆಯಬಲ್ಲವು. ‘ನಾಲೆ ಬಂದ ಮೇಲೆಯೇ ಇಲ್ಲಿ ತೋಟ’ ಎಂಬ ರೂಢಿಯ ಮಾತಿಗೆ ಕೆರೆಯ ಈ ಪರಂಪರೆಯೇ ಉತ್ತರ.

ಬ್ರಿಟಿಷ್ ಸಮೀಕ್ಷಕ ಫ್ರಾನ್ಸಿಸ್ ಬುಕಾನನ್ 1801ರಲ್ಲಿ ಮಲೆನಾಡಿನ ನಗರ ಎಂಬ ಊರಿನ ಕಡೆಯಿಂದ ಹೊರಟು ಹರಿಹರ, ದಾವಣಗೆರೆ ಹಾದು ಚಿತ್ರದುರ್ಗದತ್ತ ಸಾಗಿದ. ಅಡಿಕೆ, ಮೆಣಸುಗಳ ಬಗ್ಗೆ ಅವನು ಕೊಡುವ ದೀರ್ಘ ವಿವರ ಮಲೆನಾಡಿನದು. ಆಮೇಲಿನ ನೂರೈವತ್ತು ವರ್ಷಗಳಲ್ಲಿ ಈ ಕೃಷಿಯಲ್ಲಿ ದೊಡ್ಡ ತಿರುವು ಕಾಣುವುದಿಲ್ಲ.

ಎಲೆಬಳ್ಳಿ. ಸೀಮೆಯ ನೆರಳಿನ ಗಿಡಗಳಲ್ಲಿ ಹಣ ತಂದದ್ದು ವೀಳ್ಯದೆಲೆ. ಆಗ್ನೇಯ ಏಷ್ಯಾ ಮೂಲದ ಈ ಬಳ್ಳಿ ಕಾಳುಮೆಣಸಿನ ಕುಲದ್ದೇ. ಬೀಜದಿಂದಲ್ಲ, ಬಳ್ಳಿಯ ತುಂಡಿನಿಂದ ಸಸಿ ಮಾಡುತ್ತಾರೆ. ಬಯಲಿನ ಎಲೆತೋಟದಲ್ಲಿ ಮೊದಲು ನುಗ್ಗೆ, ಅಗಸೆ, ಹಾಲುವಾಣಗಳನ್ನು ಎಬ್ಬಿಸಿ, ನೆರಳು ಕೂಡಿದ ಮೇಲೆ ಬಳ್ಳಿ ಹಬ್ಬಿಸುವುದು ವಾಡಿಕೆ. ಬಳ್ಳಿ ಕೈಗೆಟುಕದಷ್ಟು ಬೆಳೆದಾಗ ಅದನ್ನು ಇಳಿಸಿ, ಬುಡದಲ್ಲಿ ಸುತ್ತಿ ಮಣ್ಣು ಮುಚ್ಚುತ್ತಾರೆ. ಮುಚ್ಚಿದ ಗೆಣ್ಣುಗಳು ಹೊಸ ಬೇರು ಬಿಟ್ಟು ತೋಟ ಮತ್ತೆ ಎಳೆಯದಾಗುತ್ತದೆ. ಬಹುವಾರ್ಷಿಕ ಗಿಡವೊಂದನ್ನು ಮುಪ್ಪಾಗದಂತೆ ಕಾಪಾಡುವ ಈ ಕೌಶಲ ನೆರಳಿನ ಕೃಷಿಯ ಪುಸ್ತಕಗಳಲ್ಲಿ ಸಿಗಬೇಕಾದಷ್ಟು ಜಾಗ ಪಡೆದಿಲ್ಲ. ನೀರು ನಿಂತರೆ ಸೊರಗು ರೋಗ ಬಂದು ಬಳ್ಳಿ ಕೆಡುತ್ತದೆ. ಆದ್ದರಿಂದ ನೀರಿನ ಕಾಲುವೆಗಿಂತ ಬಸಿಗಾಲುವೆಯ ಮೇಲೆಯೇ ಬೆಳೆಗಾರರ ಗಮನ ಹೆಚ್ಚು.

ನಾಲೆಯ ಕಾಲ. ಲಕ್ಕವಳ್ಳಿಯ ಭದ್ರಾ ಜಲಾಶಯ 1960ರ ದಶಕದಲ್ಲಿ ಪೂರ್ಣಗೊಂಡಿತು. ನಾಲೆಯ ನೀರು ಮೊದಲು ಭತ್ತ, ಕಬ್ಬಿಗೆ ಹೋಯಿತು. ಗದ್ದೆಗಳು ಅಡಿಕೆ ತೋಟಗಳಾದದ್ದು ಬರಬರುತ್ತಾ. ಎರೆ ಮಣ್ಣಿನ ಗದ್ದೆಗೆ ಕೆಂಪು ಮಣ್ಣು, ಕೆರೆಯ ಗೋಡು ಹೇರಿ ಎತ್ತರಿಸಿದರು, ಬಾಳೆಯ ಮರೆಯಲ್ಲಿ ಅಡಿಕೆ ಸಸಿ ನೆಟ್ಟರು. ಅಡಿಕೆ ಸಸಿಯೂ ಎಳವೆಯಲ್ಲಿ ನೆರಳಿನ ಗಿಡವೇ. ಎಂಟು–ಹತ್ತು ವರ್ಷದಲ್ಲಿ ಈ ಸೀಮೆ ಹಿಂದೆಂದೂ ಕಾಣದಷ್ಟು ನೆರಳು ಹಬ್ಬಿತು.

ಆದರೆ ನೆರಳು ಹೆಚ್ಚಿದಷ್ಟು ನೆರಳಿನ ಗಿಡ ಹೆಚ್ಚಲಿಲ್ಲ. ವಿಟ್ಲದ ಸಂಶೋಧನಾ ಕೇಂದ್ರ ಶಿಫಾರಸು ಮಾಡಿದ ಅಂತರ 2.7 ಮೀಟರ್, ಆ ಲೆಕ್ಕದಲ್ಲಿ ಹೆಕ್ಟೇರಿಗೆ ಸುಮಾರು 1,370 ಮರ. ಹಾಗೆ ನೆಟ್ಟಾಗ ಮೂರನೆಯ ಒಂದು ಭಾಗಕ್ಕೂ ಮೀರಿ ಬೆಳಕು ಕೆಳಗಿಳಿಯುತ್ತದೆ. ಮೆಣಸು, ಕೋಕೋ, ಏಲಕ್ಕಿಗೆ ಅದು ಸಾಕು. ಇದಕ್ಕಿಂತ ಒತ್ತಾಗಿ ನೆಟ್ಟು, ಕಳೆನಾಶಕ ಹೊಡೆದು ನೆಲವನ್ನು ಬೋಳಾಗಿಟ್ಟ ತೋಟಗಳಲ್ಲಿ ಒಂದೆಲಗಕ್ಕೂ ಎಡೆಯಿಲ್ಲ. ಅಡಿಕೆಯ ಧಾರಣೆ ಏರಿದ ವರ್ಷಗಳಲ್ಲಿ ಉಪಬೆಳೆಯ ಮೇಲೆ ಆಸಕ್ತಿ ಇಳಿಯುವುದು ಸಹಜ. ಇತ್ತೀಚೆಗೆ ಪಣಿಯೂರಿನ ಮೆಣಸಿನ ತಳಿಗಳು ಅಡಿಕೆ ಮರ ಏರುತ್ತಿವೆ. ಬಸಿಗಾಲುವೆ ಇಲ್ಲದ ಹಳೆಯ ಗದ್ದೆಯ ತೋಟಗಳಲ್ಲಿ ಮಾತ್ರ ಅವೂ ಸೊರಗು ರೋಗಕ್ಕೆ ತುತ್ತಾಗುತ್ತವೆ.

ಹಿತ್ತಲು ಮತ್ತು ಜಗಳೂರು. ನಾಲ್ಕರಲ್ಲಿ ಒಣ ತಾಲ್ಲೂಕಾದ ಜಗಳೂರಿಗೆ ಮೇಲಿನ ಕಥೆ ಹೊಂದುವುದಿಲ್ಲ. ಅಲ್ಲಿ ನೆರಳಿನ ಕೃಷಿಗೆ ನೆಲೆಯಾದದ್ದು ಬಚ್ಚಲ ನೀರು ಹರಿದುಹೋಗುವ ಮೂಲೆ: ಒಂದು ಬಾಳೆ, ಅದರಡಿ ಕೆಸು, ಪಕ್ಕದಲ್ಲಿ ಅರಿಶಿನ, ದೊಡ್ಡಪತ್ರೆ. ಅಷ್ಟೂ ನೀರಿಲ್ಲದ ಕಡೆ ಗಡ್ಡೆಯ ಗಿಡಗಳು ಬದುಕುತ್ತವೆ. ಐರೋಪ್ಯ ಕಾಡುಗಳ ಎಷ್ಟೋ ಪುಟ್ಟ ಹೂಗಿಡಗಳು ಮರ ಚಿಗುರುವ ಮುನ್ನ ಬೆಳಕು ಹಿಡಿದು ಬೆಳೆದು ಆಮೇಲೆ ಮಲಗುತ್ತವೆ. ಇಲ್ಲಿನ ಸುವರ್ಣಗಡ್ಡೆ, ನೆಲಸಂಪಿಗೆ, ಕೋಳಿಕುಟುಮಗಳಿಗೆ ಗಡುವು ಬೆಳಕಿನದಲ್ಲ, ಮಳೆಯದು. ಬೇಸಿಗೆಯಲ್ಲಿ ನೆಲದೊಳಗೆ ಒಣಗಿ ಕೂತು, ಮೊದಲ ಮಳೆಗೆ ಏಳುತ್ತವೆ. ನೆಲಸಂಪಿಗೆ ಎಲೆಗಿಂತ ಮೊದಲೇ ಹೂ ಬಿಟ್ಟಿರುತ್ತದೆ. ಕೊಂಡುಕುರಿಗಾಗಿ 2011ರಲ್ಲಿ ಅಭಯಾರಣ್ಯವಾದ ರಂಗಯ್ಯನದುರ್ಗದಂಥ ಕುರುಚಲು ಕಾಡುಗಳಿಗೂ ಇಂಥ ಗಡ್ಡೆಗಿಡಗಳು ಹೊಂದುತ್ತವೆ. ಮಲೆನಾಡಿನ ಏಲಕ್ಕಿಯನ್ನು ತಂದು ಸೋಲುವ ಬದಲು ಈ ಗುಂಪನ್ನೇ ಹಿತ್ತಲಿಗೆ ಆರಿಸಿಕೊಳ್ಳುವುದು ಲೇಸು.

ಇತ್ತೀಚಿನ ದಶಕಗಳು. ಪಟ್ಟಣದ ಮನೆಗಳಲ್ಲಿ ಹಿತ್ತಲು ಕುಗ್ಗಿ ಕುಂಡ ಬಂದಿದೆ. ಮನಿ ಪ್ಲಾಂಟ್, ಕ್ಯಾಲೇಡಿಯಂ, ಆಂಥೂರಿಯಂಗಳು ನರ್ಸರಿಯ ಮೂಲಕ ಬಂದವು. ಇವೂ ಮೂಲದಲ್ಲಿ ಬೇರೆ ದೇಶಗಳ ಕಾಡಿನ ತಳದ ಗಿಡಗಳೇ. ಮರದ ಬದಲು ಹಸಿರು ನೆರಳು ಪರದೆ ಬಂದದ್ದು ಈ ಕಾಲದ ನಿಜವಾದ ಹೊಸತು. ಅಡಿಕೆ ಕೊಳವೆಬಾವಿಯ ಬಲದಲ್ಲಿ ನಾಲೆಯಾಚೆಗೂ ಹರಡಿದ ಮೇಲೆ ನೆರಳು ನೆಲದಡಿಯ ನೀರಿಗೆ ಕಟ್ಟುಬಿತ್ತು. 2023ರಲ್ಲಿ ಮಳೆ ಕೈಕೊಟ್ಟು, ಮರುಬೇಸಿಗೆಯಲ್ಲಿ ಚನ್ನಗಿರಿಯ ತೋಟಗಳಿಗೆ ಟ್ಯಾಂಕರ್ ನೀರು ಹಾಯಿಸಬೇಕಾಯಿತು. ಬೇರು ಮೇಲ್ಮಣ್ಣಿನಲ್ಲೇ ಇರುವ ಮೆಣಸು, ಎಲೆಬಳ್ಳಿಗಳಂಥವಕ್ಕೆ ಇಂಥ ಬೇಸಿಗೆ ಅಡಿಕೆಗಿಂತ ಮೊದಲೇ ತಟ್ಟುತ್ತದೆ. ಜಗಳೂರಿನಲ್ಲಿ ತುಂಗಭದ್ರೆಯ ನೀರನ್ನು 57 ಕೆರೆಗಳಿಗೆ ಏತದಿಂದ ತುಂಬಿಸುವ ಯೋಜನೆ ಬಂದಿದ್ದು, ಅಲ್ಲೂ ಅಡಿಕೆ ಸಸಿಗಳು ಕಾಣಿಸಿಕೊಂಡಿವೆ.