ಕಾಲವನ್ನು ಹದ್ದುಬಸ್ತಿನಲ್ಲಿಡುವ ಯಂತ್ರ

ಕಲ್ಪಿತ ಲೋಕಗಳ ಕಥೆಗಳಲ್ಲಿ ಅಡ್ಡಾದಿಡ್ಡಿ ಓಡುವ ಕಾಲವನ್ನು ಹತೋಟಿಗೆ ತರುವ ಯಂತ್ರವೊಂದು ಬರುವುದುಂಟು. ನಿಜ ಜೀವನದಲ್ಲಿ ಕಾಲವನ್ನೇ ಹಿಡಿದು ನಿಲ್ಲಿಸುವ ಸಾಧನವಿಲ್ಲ. ಆದರೆ ಕಾಲದ ಅಳತೆ ಅಲುಗದಂತೆ ಕಾಯುವ ಸಾಧನವಿದೆ. ಅದೇ ಪರಮಾಣು ಗಡಿಯಾರ. ನಮ್ಮ ರಾಜ್ಯದಲ್ಲೇ, ಬೆಂಗಳೂರಿನ ಹೊರವಲಯದ ಬ್ಯಾಲಾಳುವಿನಲ್ಲಿ ಅದು ಹಗಲಿರುಳು ದುಡಿಯುತ್ತಿದೆ.

ಗಳಿಗೆ ಬಟ್ಟಲು

ಹಿಂದೆ ಮದುವೆಯ ಮುಹೂರ್ತ ನೋಡಲು ಗಳಿಗೆ ಬಟ್ಟಲು ಇಡುತ್ತಿದ್ದರು. ತಳದಲ್ಲಿ ಸಣ್ಣ ತೂತಿರುವ ತಾಮ್ರದ ಬಟ್ಟಲನ್ನು ನೀರು ತುಂಬಿದ ಪಾತ್ರೆಯಲ್ಲಿ ತೇಲಿಬಿಟ್ಟರೆ, ನೀರು ಒಳನುಗ್ಗಿ 24 ನಿಮಿಷಕ್ಕೆ ಅದು ಮುಳುಗುತ್ತದೆ. ಅದು ಒಂದು ಗಳಿಗೆ. ದಿನಕ್ಕೆ 60 ಗಳಿಗೆ. ನೀರು ಬಿಸಿಯಾದರೆ ಬಟ್ಟಲು ಬೇಗ ತುಂಬುತ್ತದೆ, ತೂತಿಗೆ ಕಸ ಸಿಕ್ಕಿಕೊಂಡರೆ ತಡವಾಗುತ್ತದೆ. ಗಡಿಯಾರ ಎಷ್ಟೇ ಸುಧಾರಿಸಿದರೂ ಈ ತೊಡಕು ಬೇರೆ ಬೇರೆ ರೂಪದಲ್ಲಿ ಬೆನ್ನುಹತ್ತಿಯೇ ಬಂದಿದೆ. ಕೈಗಡಿಯಾರದ ಕ್ವಾರ್ಟ್ಜ್ ಹರಳು ಸೆಕೆಂಡಿಗೆ 32,768 ಸಲ ಕಂಪಿಸುತ್ತದೆ. ಶಾಖ ಏರಿಳಿದರೆ, ಹರಳು ಹಳೆಯದಾದರೆ ಆ ಲೆಕ್ಕವೂ ಚೂರು ತಪ್ಪುತ್ತದೆ.

ಚಿಕ್ಕಯ್ಯನಛತ್ರದ ನಡುಹಗಲು

ಸೂರ್ಯನನ್ನೇ ನಂಬಿದರೆ ಊರಿಗೊಂದು ಸಮಯ. ನಂಜನಗೂಡು ತಾಲ್ಲೂಕಿನ ಹೋಬಳಿ ಕೇಂದ್ರ ಚಿಕ್ಕಯ್ಯನಛತ್ರ ಸರಿಸುಮಾರು 76.7 ಡಿಗ್ರಿ ಪೂರ್ವ ರೇಖಾಂಶದಲ್ಲಿದೆ. ಭಾರತೀಯ ಕಾಲಮಾನ ನಿಂತಿರುವುದು 82.5 ಡಿಗ್ರಿಯ ಮೇಲೆ. ಒಂದು ಡಿಗ್ರಿ ದಾಟಲು ಸೂರ್ಯನಿಗೆ 4 ನಿಮಿಷ ಬೇಕು. ಹಾಗಾಗಿ ಇಲ್ಲಿ ನಿಜವಾದ ನಡುಹಗಲು ಗಡಿಯಾರದ 12 ಗಂಟೆಗಿಂತ ಸುಮಾರು 23 ನಿಮಿಷ ತಡ. ಡಿಸೆಂಬರ್ 25ರ ಆಸುಪಾಸಿನಲ್ಲಿ ಅಂಗಳದಲ್ಲೊಂದು ಕೋಲು ನೆಟ್ಟು ನೋಡಿ: ನೆರಳು ಅತಿ ಗಿಡ್ಡವಾಗುವುದು 12 ಗಂಟೆ 23 ನಿಮಿಷದ ಹೊತ್ತಿಗೆ. ಬೇರೆ ತಿಂಗಳುಗಳಲ್ಲಿ ಈ ವ್ಯತ್ಯಾಸ ಕಾಲು ಗಂಟೆಯವರೆಗೂ ಹಿಂದೆಮುಂದೆ ಆಗುತ್ತದೆ. ರೈಲು, ತಂತಿ ಬಂದ ಮೇಲೆ ಇಂಥ ಸ್ಥಳೀಯ ವೇಳೆಗಳಿಂದ ಕೆಲಸ ನಡೆಯಲಿಲ್ಲ. 1906ರಲ್ಲಿ ಭಾರತೀಯ ಕಾಲಮಾನ ಜಾರಿಗೆ ಬಂತು. ಈಗ ಅದನ್ನು ಕಾಯುವ ಹೊಣೆ ದೆಹಲಿಯ ರಾಷ್ಟ್ರೀಯ ಭೌತ ಪ್ರಯೋಗಾಲಯದ್ದು.

ಪರಮಾಣು ಗಡಿಯಾರ ನಡೆಯುವ ಬಗೆ

ಭೂಮಿ ತನ್ನ ಸುತ್ತ ತಿರುಗುವ ವೇಗವೂ ಒಂದೇ ಸಮನಲ್ಲ. ಅದಕ್ಕೇ 1967ರಲ್ಲಿ ವಿಜ್ಞಾನಿಗಳು ಸೆಕೆಂಡನ್ನು ಭೂಮಿಯಿಂದ ಬಿಡಿಸಿ ಸೀಸಿಯಂ ಪರಮಾಣುವಿಗೆ ಕಟ್ಟಿದರು. ಆ ಪರಮಾಣುವಿಗೆ ಸಂಬಂಧಿಸಿದ ಅಲೆಯ 9,192,631,770 ಕಂಪನಗಳು ಸೇರಿದರೆ ಒಂದು ಸೆಕೆಂಡ್.

ಉಪಗ್ರಹಗಳಲ್ಲಿ ಹೆಚ್ಚಾಗಿ ಬಳಸುವುದು ರುಬಿಡಿಯಂ ಗಡಿಯಾರ. ಅದರೊಳಗೂ ಇರುವುದು ಕ್ವಾರ್ಟ್ಜ್ ಹರಳೇ. ಆದರೆ ಹರಳನ್ನು ಸದಾ ತಿದ್ದಲು ಪಕ್ಕದಲ್ಲಿ ಪರಮಾಣುಗಳಿವೆ. ಹರಳಿನ ಕಂಪನದಿಂದ ಮೈಕ್ರೋವೇವ್ ಅಲೆ ತಯಾರಿಸಿ, ರುಬಿಡಿಯಂ ಆವಿ ತುಂಬಿದ ಗಾಜಿನ ಕೋಶಕ್ಕೆ ಹಾಯಿಸುತ್ತಾರೆ. ಅದೇ ಕೋಶದ ಮೂಲಕ ದೀಪದ ಬೆಳಕೂ ಹಾಯುತ್ತಿರುತ್ತದೆ. ಅಲೆಯ ಕಂಪನ ಪರಮಾಣುವಿಗೆ ಒಪ್ಪುವಂತೆ, ಅಂದರೆ ಸೆಕೆಂಡಿಗೆ ಸುಮಾರು 683 ಕೋಟಿ ಸಲ ಆದಾಗ, ಆಚೆ ಬದಿಗೆ ಬರುವ ಬೆಳಕು ತುಸು ಮಂಕಾಗುತ್ತದೆ. ಬೆಳಕು ಮತ್ತೆ ಹೆಚ್ಚಿತೆಂದರೆ ಹರಳು ಲಯ ತಪ್ಪಿದೆ ಎಂದರ್ಥ; ವಿದ್ಯುನ್ಮಂಡಲ ತಕ್ಷಣ ಅದನ್ನು ಸರಿಪಡಿಸುತ್ತದೆ.

ಬ್ಯಾಲಾಳುವಿನ ಕಾವಲು

2013ರ ಮೇ 28ರಂದು ಬ್ಯಾಲಾಳುವಿನಲ್ಲಿ ಇಸ್ರೊದ ಪಥದರ್ಶಕ ಕೇಂದ್ರ ಉದ್ಘಾಟನೆಯಾಯಿತು. ಇಲ್ಲಿ ಸೀಸಿಯಂ ಗಡಿಯಾರಗಳೂ ಹೈಡ್ರೋಜನ್ ಮೇಸರ್ ಎಂಬ ಪರಮಾಣು ಗಡಿಯಾರಗಳೂ ಜೊತೆಗೂಡಿ, ಉಪಗ್ರಹಗಳ ನೆರವಿನಿಂದ ಸ್ಥಳ ತಿಳಿಸುವ ನಮ್ಮ ದೇಶದ ನಾವಿಕ್ ವ್ಯವಸ್ಥೆಯ ಸಮಯವನ್ನು ಕಾಯುತ್ತವೆ. ಒಂದೇ ಗಡಿಯಾರವನ್ನು ನೆಚ್ಚಿಕೊಳ್ಳುವುದಿಲ್ಲ. ಹಲವನ್ನು ಹೋಲಿಸಿ, ಎಲ್ಲದರಿಂದ ಒಂದು ಸಮಯ ತೆಗೆಯುತ್ತಾರೆ. ಇಷ್ಟೆಲ್ಲ ಕಟ್ಟುನಿಟ್ಟು ಯಾಕೆಂದರೆ, ಉಪಗ್ರಹದ ಸಂಕೇತ ನಮ್ಮನ್ನು ತಲುಪಲು ಹಿಡಿದ ಸಮಯದಿಂದಲೇ ದೂರವನ್ನು ಲೆಕ್ಕಹಾಕಬೇಕು. ಬೆಳಕು ಸೆಕೆಂಡಿನ ಹತ್ತು ಲಕ್ಷದಲ್ಲೊಂದು ಪಾಲಿನಲ್ಲಿ 300 ಮೀಟರ್ ಓಡುತ್ತದೆ. ಅಷ್ಟು ತಪ್ಪಿದರೆ ಕಪಿಲಾ ನದಿಯ ಈ ದಡದಲ್ಲಿರುವ ನಿಮ್ಮನ್ನು ಫೋನು ಆ ದಡದಲ್ಲಿ ತೋರಿಸೀತು. ಐನ್‌ಸ್ಟೈನ್ ಹೇಳಿದ ಕಾಲದ ಹಿಗ್ಗುಕುಗ್ಗು ಇಲ್ಲಿ ಬರಿಯ ಸಿದ್ಧಾಂತವಲ್ಲ. ಜಿಪಿಎಸ್ ಉಪಗ್ರಹದ ಗಡಿಯಾರ ನೆಲದ ಗಡಿಯಾರಕ್ಕಿಂತ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡ್ ಮುಂದೋಡುವುದರಿಂದ ಅದನ್ನೂ ಸರಿದೂಗಿಸಬೇಕು.

ಕೆಟ್ಟುನಿಂತ ಗಡಿಯಾರಗಳು

ನಾವಿಕ್‌ನ ಮೊದಲ ಉಪಗ್ರಹ ಐಆರ್‌ಎನ್‌ಎಸ್‌ಎಸ್-1ಎ 2013ರ ಜುಲೈ 1ರಂದು ಹಾರಿತು. ಅದರಲ್ಲಿದ್ದ ಮೂರೂ ರುಬಿಡಿಯಂ ಗಡಿಯಾರಗಳು ಆಮದಾದವು, ಮೂರೂ ಕೆಟ್ಟವು. ಉಪಗ್ರಹ ಬದುಕಿತ್ತು, ಆದರೆ ಸ್ಥಳ ಹೇಳುವ ಕೆಲಸಕ್ಕೆ ಬಾರದಾಯಿತು. ಬದಲಿಗೆ 2017ರಲ್ಲಿ ಕಳಿಸಿದ 1ಎಚ್ ಶಾಖ ಕವಚ ಕಳಚದೆ ವ್ಯರ್ಥವಾಯಿತು. 2018ರ ಏಪ್ರಿಲ್‌ನಲ್ಲಿ 1ಐ ಕಕ್ಷೆ ಸೇರಿತು.

ಅಹಮದಾಬಾದಿನ ಬಾಹ್ಯಾಕಾಶ ಅನ್ವಯಿಕ ಕೇಂದ್ರ ರೂಪಿಸಿದ ದೇಶೀಯ ರುಬಿಡಿಯಂ ಗಡಿಯಾರ 2023ರ ಮೇ 29ರಂದು ನಾವಿಕ್‌ನ ಎನ್‌ವಿಎಸ್-01 ಉಪಗ್ರಹದಲ್ಲಿ ಮೇಲೇರಿತು. ನನ್ನ ಮಟ್ಟಿಗೆ ಇದು ಚಂದ್ರನ ಮೇಲೆ ಇಳಿದಷ್ಟೇ ದೊಡ್ಡ ಸಾಧನೆ. ಆದರೆ 2025ರ ಜನವರಿಯಲ್ಲಿ ಹಾರಿದ ಎನ್‌ವಿಎಸ್-02 ಕವಾಟದ ತೊಂದರೆಯಿಂದ ಉದ್ದೇಶಿತ ಕಕ್ಷೆ ಮುಟ್ಟಲಿಲ್ಲ. ಸ್ಥಳ ಗುರುತಿಸಲು ಒಮ್ಮೆಗೆ ಕನಿಷ್ಠ ನಾಲ್ಕು ಉಪಗ್ರಹಗಳ ಸಂಕೇತ ಬೇಕು; ಹಾಗಾಗಿ ಒಂದೊಂದು ಉಪಗ್ರಹವೂ ಮುಖ್ಯ. ಗಡಿಯಾರ ಮಾಡುವ ವಿದ್ಯೆ ನಮಗೆ ದಕ್ಕಿದೆ. ಅದನ್ನು ಹೊತ್ತ ಉಪಗ್ರಹಗಳ ಸಂಖ್ಯೆಯನ್ನು ಹೆಚ್ಚಿಸಲು ಇಸ್ರೊ ಇನ್ನು ತಡಮಾಡಬಾರದು.